ಮಿನಾದಲ್ಲಿ ಗಂಜಿ ಕೇಳಿದವರು

ಬಾಪ ತೀರಿಕೊಂಡ ದಿನ ನಾನು ಗಲ್ಫಿನ ದೇರಾದ ನಮ್ಮ ಫ್ಲ್ಯಾಟಿನಲ್ಲಿ ಬಂಗುಡೆ ತೊಳೆಯುತ್ತಿದ್ದೆ. ನಾವು ಕರಾವಳಿಯ ಬ್ಯಾರಿಗಳು, ಅಪ್ಪನನ್ನು ಬಾಪ ಎಂದೇ ಕರೆದು ಬೆಳೆದವರು. ಬೆಳಿಗ್ಗೆ ಹತ್ತೂವರೆಗೆ ಊರಿನಿಂದ ಅಣ್ಣನ ಫೋನು ಬಂತು. ಸಂಜೆಯ ಅಸರ್ ನಮಾಜಿನ ಹೊತ್ತಿಗೆ ದಫನ ಎಂದ. ಯಾವ ವಿಮಾನ ಹಿಡಿದರೂ ಅಷ್ಟರೊಳಗೆ ಮುಖ ನೋಡಲು ಸಿಗುವುದಿಲ್ಲ ಎಂದು ಅವನಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ಫೋನು ಇಟ್ಟು ಉಳಿದ ಬಂಗುಡೆ ತೊಳೆದೆ. ಒಟ್ಟು ಏಳು ಇದ್ದವು. ನಮ್ಮದು ಇನ್ನೊಂದು ಕುಟುಂಬದ ಜೊತೆ ಹಂಚಿಕೊಂಡ ಫ್ಲ್ಯಾಟು. ಹನ್ನೊಂದೂವರೆಗೆ ಒಲೆ ಅವರಿಗೆ ಬಿಟ್ಟುಕೊಡಬೇಕು. ಆ ಹೊತ್ತಿಗೆ ಸರಿಯಾಗಿ ಬಿಟ್ಟುಕೊಟ್ಟೆ. ಅಳು ಬರಲಿಲ್ಲ. ಆಮೇಲಾದರೂ ಬಂದೀತು ಎಂದುಕೊಂಡು ಕೆಲವು ದಿನ ಕಾದೆ. ನಂತರ ಕಾಯುವುದನ್ನೂ ಬಿಟ್ಟೆ.

ದಫನವನ್ನು ವೀಡಿಯೋ ಕಾಲಿನಲ್ಲಿ ನೋಡಿದೆ. ಮಯ್ಯತ್ ನಮಾಜಿಗೆ ಮೊದಲು ಅಣ್ಣ ಮಸೀದಿಯ ಅಂಗಳದಲ್ಲಿ ಎದ್ದು ನಿಂತು, ನಮ್ಮಲ್ಲಿ ಮಕ್ಕಳು ಕೇಳಬೇಕಾದ ಮಾತನ್ನು ಕೇಳಿದ. ನನ್ನ ಬಾಪನಿಂದ ಯಾರಿಗಾದರೂ ನೋವಾಗಿದ್ದರೆ, ಒಂದು ಮಾತು ಹೆಚ್ಚುಕಮ್ಮಿ ಬಂದಿದ್ದರೆ, ಅಲ್ಲಾಹನಿಗಾಗಿ ಮಾಫು ಮಾಡಿ ಎಂದ. ಸೇರಿದವರೆಲ್ಲ ಮಾಫು ಎಂದರು. ಆ ದನಿ ಫೋನಿನಲ್ಲಿ ಸಮುದ್ರದ ಗಾಳಿಯಂತೆ ಕೇಳಿಸಿತು. ದೇವರಿಗೆ ಮಾಡಿದ ತಪ್ಪನ್ನು ದೇವರು ಮನ್ನಿಸಬಹುದು. ಮನುಷ್ಯನಿಗೆ ಮಾಡಿದ್ದನ್ನು ಆ ಮನುಷ್ಯನೇ ಮನ್ನಿಸಬೇಕು ಎಂಬುದನ್ನು ನಾವು ಮದರಸದ ಬೆಂಚಿನಲ್ಲಿ ಕಲಿತವರು. ಅದಕ್ಕೇ ಅಣ್ಣ ದಫನಕ್ಕೆ ಬಾರದವರಿಗೂ ಒಬ್ಬೊಬ್ಬರಿಗೆ ಫೋನು ಮಾಡಿ ಕೇಳಿದ. ಮುಂಬೈಯವರು, ಮಸ್ಕತ್ತಿನವರು, ಇಲ್ಲಿನವರು, ಎಲ್ಲರೂ ಕೊಟ್ಟರು. ಒಬ್ಬರು ಮಾತ್ರ ಕೊಡಲಿಲ್ಲ.

"ಅವರು ಎಂತ ಹೇಳಿದ್ರು?" ಎಂದು ಕೇಳಿದೆ.

"ನಾನು ಮಾಫು ಮಾಡಲಿಲ್ಲ ಅಂತ ಬರ್ಕೋ ಅಂದ್ರು. ಫೋನು ಇಟ್ರು."

"ಯಾರು?"

"ಗಂಜಿ ಹಾಜಿ. ಈಗ ದೇರಾದಲ್ಲಿ ಮಗನ ಮನೆಯಲ್ಲಿದ್ದಾರಂತೆ. ನಿನ್ನ ಮನೆಯಿಂದ ನಡೆದರೆ ಹತ್ತು ನಿಮಿಷ. ನೀನೇ ಹೋಗಿ ಕೇಳು ಮಾರಾಯ್ತಿ. ಬಾಪ ಕಬರಿನಲ್ಲಿದ್ದಾರೆ, ಇದೊಂದು ಬಾಕಿ ಇಟ್ಕೊಂಡು ಎಷ್ಟು ದಿನ ಕೂರುದು?"

ಗಂಜಿ ಹಾಜಿ ಎಂಬ ಹೆಸರನ್ನು ಅವರಿಗೆ ಇಟ್ಟವರು ಬಾಪ. ಆ ಕತೆಯನ್ನು ಹೇಳದೆ ಮುಂದಿನದು ಅರ್ಥವಾಗುವುದಿಲ್ಲ.

ಬಾಪ ಕನ್ನಡ ಶಾಲೆಯ ಮೇಷ್ಟ್ರು. ಹಜ್ಜಿಗೆ ಮುಂಬೈಯಿಂದ ಹಡಗು ಹೋಗುತ್ತಿದ್ದ ಕಾಲದಲ್ಲಿ ಊರಿನ ಐದಾರು ಜನರ ಜೊತೆ ಹೋಗಿ ಬಂದರು. ಹೋಗುವ ಮೊದಲು ಪವಿತ್ರಯಾತ್ರೆಯ ಪುಸ್ತಕಗಳನ್ನು ಎಲ್ಲೆಲ್ಲಿಂದಲೋ ತರಿಸಿ ಓದಿದ್ದರಂತೆ. ಆ ಪುಸ್ತಕಗಳಲ್ಲಿ ಎಲ್ಲರೂ ಹಡಗು ಹತ್ತುವಾಗ ಅಳುತ್ತಾರೆ, ಕಾಬಾ ಕಂಡಾಗ ಅಳುತ್ತಾರೆ, ಇಳಿಯುವಾಗಲೂ ಅಳುತ್ತಾರೆ, ನಡುವೆ ಒಬ್ಬನಿಗೂ ಹಸಿವಾಗುವುದಿಲ್ಲ, ಒಬ್ಬನೂ ಪಾಯಿಖಾನೆಯ ಮುಂದೆ ಸಾಲು ನಿಲ್ಲುವುದಿಲ್ಲ ಎಂದು ಅವರಿಗೆ ಅನಿಸಿತ್ತು. ಅವರೆಲ್ಲ ಬಿಟ್ಟದ್ದನ್ನು ನಾನು ಬರೆಯುತ್ತೇನೆ ಎಂದು ಒಂದು ಉದ್ದ ನೋಟುಪುಸ್ತಕ ಕಟ್ಟಿಕೊಂಡು ಹೊರಟರು. ಬರೆದೂ ಬರೆದರು. ಹಡಗಿನ ಕೆಳ ಅಂತಸ್ತಿನಲ್ಲಿ ವಾಂತಿಯ ಬಕೆಟ್ಟಿಗಾಗಿ ನಡೆದ ಜಗಳವಿದೆ. ಸೈರನ್ ಊದಿ, ಎಲ್ಲರೂ ಬಿಳಿ ಬಟ್ಟೆಯ ಇಹ್ರಾಮ್ ತೊಟ್ಟು, ಇನ್ನು ಯಾರೊಂದಿಗೂ ಜಗಳವಾಡಬಾರದು ಎಂದು ಗೊತ್ತಾದ ಮೇಲೆ, ಬೇಗ ಮುಗಿಸಬೇಕಾದ ಜಗಳಗಳನ್ನು ಮೊದಲೇ ಮುಗಿಸಿಕೊಳ್ಳದ್ದಕ್ಕೆ ಇಬ್ಬರು ಪಟ್ಟ ಬೇಸರವಿದೆ. ಒಣಮೀನಿನ ಡಬ್ಬಿಯನ್ನು ಕುರಾನಿಗಿಂತ ಮೇಲಿನ ಹಲಗೆಯಲ್ಲಿ ಇಟ್ಟವರ ಪೇಚಾಟವಿದೆ. ತಮ್ಮನ್ನೂ ಅವರು ಬಿಟ್ಟಿರಲಿಲ್ಲ. ಕಾಬಾದ ಸುತ್ತ ನಡೆಯುವ ತವಾಫಿನ ನೂಕುನುಗ್ಗಲಿನಲ್ಲಿ ದುವಾ ಮರೆತುಹೋಗಿ ಒಂಬತ್ತರ ಮಗ್ಗಿ ಹೇಳಿದ್ದೆ ಎಂದು ಬರೆದಿದ್ದರು.

ಆ ಪುಸ್ತಕದಲ್ಲಿ ಜನ ಎಲ್ಲಕ್ಕಿಂತ ಹೆಚ್ಚು ನಗುತ್ತಿದ್ದದ್ದು ಮಿನಾದ ಭಾಗಕ್ಕೆ. ಹಾಜಿಗಳೆಲ್ಲ ಡೇರೆಗಳಲ್ಲಿ ತಂಗುವ ಬಯಲು ಅದು. ಜೊತೆಗೆ ಬಂದಿದ್ದ ಒಣಮೀನು ವ್ಯಾಪಾರಿಯೊಬ್ಬರು ಡೇರೆಯಿಂದ ಡೇರೆಗೆ ಹೋಗಿ ಗಂಜಿ ಉಂಟಾ, ಗಂಜಿ ಉಂಟಾ ಎಂದು ಕೇಳಿದ ಕತೆ ಅದು. ಲೋಕದ ಎಲ್ಲ ಭಾಷೆಗಳಲ್ಲಿ ಜನ ದೇವರನ್ನು ಕರೆಯುತ್ತಿದ್ದ ಬಯಲಿನಲ್ಲಿ ನಮ್ಮ ಊರಿನವರು ಮಾತ್ರ ಕುಚ್ಚಲಕ್ಕಿಯನ್ನು ಕರೆಯುತ್ತಿದ್ದರು ಎಂದು ಬಾಪ ಬರೆದಿದ್ದರು. ಶುಕ್ರವಾರ ಊಟವಾದ ಮೇಲೆ ಅದನ್ನು ನಮ್ಮ ಜಗಲಿಯಲ್ಲಿ ಓದುತ್ತಿದ್ದರು. ಬಾಪ ಹೆಸರು ಹೇಳದಿದ್ದರೂ ಕೇಳಿದವರಿಗೆಲ್ಲ ಯಾರೆಂದು ಗೊತ್ತಾಯಿತು. ಮಳೆಗಾಲ ಬರುವುದರೊಳಗೆ ಒಣಮೀನಿನ ವ್ಯಾಪಾರಿ ಗಂಜಿ ಹಾಜಿ ಆದರು. ಅವರ ಮಕ್ಕಳು ಗಂಜಿ ಹಾಜಿಯ ಮಕ್ಕಳಾದರು. ಹಜ್ಜಿಗೇ ಹೋಗದ ಅವರ ಹೆಂಡತಿಯನ್ನೂ ಜನ ಗಂಜಿ ಹಜ್ಜುಮ್ಮ ಎಂದರು. ಅವರ ದೊಡ್ಡ ಮಗಳ ಮದುವೆಗೆ ನಾವೆಲ್ಲ ಹೋಗಿದ್ದೆವು. ನನಗೆ ಹತ್ತೋ ಹನ್ನೊಂದೋ ವರ್ಷ. ಚಪ್ಪರದಲ್ಲಿ ತುಪ್ಪದನ್ನ ಬಡಿಸುವ ಹೊತ್ತಿಗೆ ಯಾರೋ ಕೂಗಿದರು: "ಓ, ಗಂಜಿ ಯಾವಾಗ ಬರ್ತದೆ?" ಸಾಲಿಗೆ ಸಾಲೇ ನಕ್ಕಿತು. ಹೆಂಗಸರ ಕಡೆ ಕೂತಿದ್ದ ನಾನೂ ನಕ್ಕೆ. ಆಗ ನನ್ನ ಬಟ್ಟಲಿಗೆ ಅನ್ನ ಬಡಿಸುತ್ತಿದ್ದವರು ಆ ಹಜ್ಜುಮ್ಮನೇ. ಅವರ ಕೈ ನಿಲ್ಲಲಿಲ್ಲ. ಬಡಿಸಿ ಮುಂದಿನ ಬಟ್ಟಲಿಗೆ ಹೋದರು.

ಬಾಪನ ನಲವತ್ತನೆಯ ದಿನ ಕಳೆದ ಮೇಲೆ ಊರಿನಿಂದ ಬಂದ ಒಬ್ಬರ ಕೈಯಲ್ಲಿ ಅಣ್ಣ ಆ ನೋಟುಪುಸ್ತಕವನ್ನು ನನಗೆ ಕಳಿಸಿಕೊಟ್ಟಿದ್ದ. ಅದನ್ನು ಅಚ್ಚು ಮಾಡಿಸಬೇಕೆಂದು ಅವನಿಗೆ ಆಸೆ. ನನ್ನ ಅಕ್ಷರ ಚೆನ್ನಾಗಿದೆಯೆಂದು ಪ್ರತಿ ಮಾಡುವ ಕೆಲಸ ನನಗೆ ಬಂತು. ಮಧ್ಯಾಹ್ನ ಗಂಡ ಮಸಾಲೆ ಅಂಗಡಿಯಿಂದ ಊಟಕ್ಕೆ ಬಂದು ಹೋದ ಮೇಲೆ ದಿನಕ್ಕೆ ಎರಡು ಪುಟ ಬರೆಯುತ್ತಿದ್ದೆ. ನಗು ಬರುವಲ್ಲಿ ನಗು ಬರುತ್ತಿರಲಿಲ್ಲ. ಅಕ್ಷರ ಮಾತ್ರ ದುಂಡಗೆ ಬರುತ್ತಿತ್ತು.

ಅದೇ ತಿಂಗಳಿನಲ್ಲಿ ನಾನೂ ಗಂಡನೂ ಉಮ್ರಾಕ್ಕೆ, ಹಜ್ಜಿನ ಕಾಲ ಬಿಟ್ಟು ಮಾಡುವ ಮಕ್ಕಾದ ಸಣ್ಣ ಯಾತ್ರೆಗೆ, ಹೋಗುವುದೆಂದು ನಿಶ್ಚಯವಾಯಿತು. ದೇರಾದಿಂದ ಬಸ್ಸು, ಗುರುವಾರ ಮಧ್ಯಾಹ್ನಕ್ಕೆ. ಉಮ್ರಾಕ್ಕೆ ಹೋಗುವವರು ಗುರುತಿನವರ ಮನೆಗಳಿಗೆಲ್ಲ ಹೋಗಿ ಮಾಫು ಕೇಳಿ ಬರುವುದು ನಮ್ಮಲ್ಲಿ ಪದ್ಧತಿ. ನಾನೂ ಕೇಳಿದೆ. ಅಡುಗೆಮನೆ ಹಂಚಿಕೊಂಡ ಹೆಂಗಸಿನ ಹತ್ತಿರವೂ ಕೇಳಿದೆ. "ನಿಮ್ಮದೆಲ್ಲ ಮಾಫು, ಆ ಒಂದು ಬಾಣಲೆ ಸುಟ್ಟದ್ದು ಬಿಟ್ಟು" ಎಂದು ಅವರು ನಕ್ಕರು. ಹಾಜಿಯವರ ಮನೆಯನ್ನು ಕೊನೆಗೆ ಇಟ್ಟುಕೊಂಡಿದ್ದೆ. ಬುಧವಾರ ಬೆಳಿಗ್ಗೆ ಗಂಡ ಅಂಗಡಿಗೆ ಹೋಗುವಾಗ ಚಪ್ಪಲಿ ಹಾಕಿಕೊಳ್ಳುತ್ತಾ, ಅಂಗಡಿಯ ಅರಬಿ ಬೆರೆಸಿ, "ಯಲ್ಲಾ, ಇವತ್ತು ಹೋಗಿ ಖಲಾಸ್ ಮಾಡು. ನಾಳೆ ಬಸ್ಸಿನಲ್ಲಿ ಕೂತು ಅದನ್ನೇ ಯೋಚನೆ ಮಾಡ್ಬೇಡ" ಎಂದರು.

ಕಟ್ಟಡ ಸಿಕ್ಕಿತು. ಕೆಳಗೆ ಕಾವಲುಗಾರ ಹಿಂದಿಯಲ್ಲಿ, ಯಾರ ಮನೆ ಎಂದು ಕೇಳಿದ. ಆಗ ಹೊಳೆಯಿತು, ನನಗೆ ಅವರ ಹೆಸರು ಗೊತ್ತಿಲ್ಲ. ಅಣ್ಣ ವಾಟ್ಸ್ಯಾಪಿನಲ್ಲಿ ಕಳಿಸಿದ ನಂಬರಿನ ಮೇಲೆ ಗಂಜಿ ಹಾಜಿ ಎಂದೇ ಇತ್ತು. ನನ್ನ ಫೋನಿನಲ್ಲೂ ಹಾಗೇ ಉಳಿದಿತ್ತು. ಮಗನ ಹೆಸರೂ ಗೊತ್ತಿಲ್ಲ, ಅವನೂ ಗಂಜಿ ಹಾಜಿಯ ಎರಡನೆಯವನು, ಅಷ್ಟೇ. ನಲವತ್ತು ವರ್ಷ ಗುರುತಿನ ಮನುಷ್ಯ. ನಾನು ಫೋನು ಹಿಡಿದು ನಿಂತೆ.

"ಒಬ್ಬರು ಮುದುಕರು ಇದ್ದಾರೆ. ಹಾಜಿ" ಎಂದೆ.

"ಈ ಬಿಲ್ಡಿಂಗಿನಲ್ಲಿ ಎಲ್ಲರೂ ಹಾಜಿಗಳೇ ಬೆಹನ್‌ಜಿ" ಎಂದ ಅವನು. "ಯಾವ ಹಾಜಿ?"

ಕೊನೆಗೆ ಆ ನಂಬರಿಗೇ ಫೋನು ಮಾಡಿದೆ. ಎತ್ತಿದ್ದು ಸೊಸೆ. ನಾನು ಮೇಷ್ಟ್ರ ಮಗಳು ಎಂದೆ. ಮೇಷ್ಟ್ರ ಮಗಳಂತೆ ಎಂದು ಅವಳು ಒಳಗೆ ಹೇಳಿದ್ದು ಕೇಳಿಸಿತು. ಆಮೇಲೆ, "ನಾನು ಕೆಳಗೆ ಬರ್ತೇನೆ" ಎಂದಳು.

ಅವರು ಕಿಟಕಿಯ ಪಕ್ಕದ ಮಂಚದಲ್ಲಿ ಕೂತಿದ್ದರು. ಲುಂಗಿ, ಬಿಳಿ ಬನಿಯನು, ತಲೆಗೆ ಟೊಪ್ಪಿ. ಏಸಿ ಆರಿಸಿ ಫ್ಯಾನು ಹಾಕಿಸಿಕೊಂಡಿದ್ದರು. ಊರಿನಲ್ಲಿ ಕಂಡ ದೊಡ್ಡ ಮೈ ಕರಗಿಹೋಗಿತ್ತು, ಕಿವಿಗಳು ಮಾತ್ರ ಹಾಗೇ ಇದ್ದವು. ನಮ್ಮ ಮಾತು ಬ್ಯಾರಿಯಲ್ಲಿ ನಡೆಯಿತು, ಇಲ್ಲಿ ಕನ್ನಡದಲ್ಲಿ ಬರೆದಿದ್ದೇನೆ.

"ಮೇಷ್ಟ್ರ ಮಗಳಾ?"

"ಹೌದು ಕಾಕಾ."

"ಕೂತ್ಕೋ. ಎಂತ ಕುಡೀತಿ? ಚಾಯವಾ, ಗಂಜಿಯಾ?"

ಸೊಸೆ ನೆಲ ನೋಡಿದಳು. ನಾನು ಚಾಯ ಎಂದೆ.

ನಾಳೆ ಉಮ್ರಾಕ್ಕೆ ಹೊರಡುವವಳು, ಮಾಫು ಕೇಳಲು ಬಂದೆ ಎಂದು ಹೇಳಿದೆ.

"ನೀನು ನನಗೆ ಎಂತ ಮಾಡಿದ್ದಿ?"

"ಸಣ್ಣದಿರುವಾಗ ಕರೆದಿದ್ದೇನೆ ಕಾಕಾ. ರೇಷನ್ ಅಂಗಡಿಯ ಹತ್ತಿರ, ಬೇರೆ ಮಕ್ಕಳ ಜೊತೆ."

"ಆ ಹೆಸರಲ್ಲಿ?"

"ಹೌದು."

"ಮಕ್ಕಳು ಕರೆದದ್ದನ್ನು ಹಿಡ್ಕೊಂಡು ಕೂತರೆ ಆಗ್ತದಾ. ನಿಂದು ಮಾಫು. ಅಲ್ಲಾಹು ನಿನ್ನ ಉಮ್ರಾ ಕಬೂಲ್ ಮಾಡಲಿ. ಮತ್ತೆ?"

"ಬಾಪಂದು."

ಅವರು ಏಸಿಯ ರಿಮೋಟನ್ನು ಹಾಸಿಗೆಯ ಮೇಲೆ ಒಮ್ಮೆ ಕವುಚಿ ಹಾಕಿದರು, ಒಮ್ಮೆ ಅಂಗಾತ ಮಾಡಿದರು.

"ನಿನ್ನ ಅಣ್ಣ ಫೋನಿನಲ್ಲಿ ಹೇಳಿದ, ಅದನ್ನು ಈಗ ಪುಸ್ತಕ ಮಾಡ್ತೀರಂತೆ."

"ಅವನಿಗೆ ಮನಸ್ಸುಂಟು. ನಾನು ಪ್ರತಿ ಮಾಡ್ತಾ ಇದ್ದೇನೆ."

"ಹಾಗಾದರೆ ನಿನಗೆ ಬಾಯಿಪಾಠ ಇರ್ಬೇಕು. ಗಂಜಿ ಕೇಳಿದ್ದು ಉಂಟಲ್ಲ ಅದರಲ್ಲಿ. ಅದು ಹೌದು. ನಿನ್ನ ಬಾಪ ಸುಳ್ಳು ಬರೀಲಿಲ್ಲ. ಎಷ್ಟು ಡೇರೆಯೋ ಏನೋ, ಎಲ್ಲದರಲ್ಲೂ ಕೇಳಿದ್ದೇನೆ. ಯಾರಿಗೆ ಅಂತ ಬರೆದಿದ್ದಾನಾ?"

ನಾನು ನೆನಪು ಮಾಡಿಕೊಂಡೆ. "ಇಲ್ಲ ಕಾಕಾ."

"ಅವನಿಗೆ."

ಸೊಸೆ ಚಾಯ ತಂದಿಟ್ಟಳು. ಅವಳೂ ಅಲ್ಲೇ ನಿಂತಳು. ಅವಳಿಗೂ ಇದು ಗೊತ್ತಿರಲಿಲ್ಲ ಎಂದು ಆಮೇಲೆ ಲಿಫ್ಟಿನ ಹತ್ತಿರ ಹೇಳಿದಳು.

"ಜ್ವರ. ಹಾಕಿದ್ದು ಹೊಟ್ಟೆಯಲ್ಲಿ ನಿಲ್ಲುದಿಲ್ಲ. ರೊಟ್ಟಿ ಕೊಟ್ಟರೆ ವಾಂತಿ, ಖರ್ಜೂರ ಕೊಟ್ಟರೆ ವಾಂತಿ. ಒಂದು ಗುಟುಕು ಗಂಜಿ ಸಿಕ್ಕಿದ್ದರೆ ಅಂತ ಹೇಳಿದ್ದು ಅವನು. ನಮ್ಮ ಅಕ್ಕಿ ಮಕ್ಕಾದ ರೂಮಿನಲ್ಲಿ ಉಳಿದಿತ್ತು. ನಾನು ಹೋದೆ. ತಂದೆ. ತಲೆ ಎತ್ತಿ ಹಿಡಿದು ಕುಡಿಸಿದೆ. ಊರಿಗೆ ಬಂದು ಅವನು ಅದನ್ನು ಓದಿದಾಗ ನಾನೂ ನಿಮ್ಮ ಜಗಲಿಯಲ್ಲಿ ಕೂತಿದ್ದೆ, ಗೊತ್ತುಂಟಾ? ಈಗ ಬರ್ತದೆ, ಈಗ ಬರ್ತದೆ ಅಂತ ಕಾದೆ. ಕುಡಿದವನ ಹೆಸರು ಬರಲೇ ಇಲ್ಲ. ಜನ ನಕ್ಕರು. ಪುಟ ಮಗುಚಿದ."

"ನೀವು ಆಗಲೇ ಹೇಳಬಹುದಿತ್ತಲ್ಲ ಕಾಕಾ."

"ಮಾಡಿದ ಉಪಕಾರವನ್ನು ಹಜ್ಜಿನಿಂದ ಬಂದು ಜಗಲಿಯಲ್ಲಿ ಹೇಳ್ಕೊಳ್ಳುದಾ? ಅದು ಅವನು ಹೇಳ್ಬೇಕಾದ್ದು. ನಾನು ಹೇಳಿದ್ದರೆ ಅದಕ್ಕೂ ಒಂದು ಹೆಸರು ಇಡ್ತಿದ್ದ."

ಚಾಯ ಕುಡಿದೆ. ಏಲಕ್ಕಿ ಹಾಕಿದ್ದರು.

"ಮಾಫು ಕೊಡ್ಲಿಕ್ಕೆ ಆಗ್ತದಾ ಇಲ್ವಾ ನನಗೆ ಗೊತ್ತಿಲ್ಲ" ಎಂದರು. "ನೀನು ಹೋಗಿ ಬಾ. ಮಿನಾ ತೋರಿಸ್ತಾರೆ, ನೋಡಿಕೊಂಡು ಬಾ. ಆ ಬಯಲಲ್ಲಿ ಗಂಜಿ ಹುಡುಕುದು ಹೇಗೆ ಅಂತ ನೋಡು."

ಮನೆಗೆ ಬಂದು ಬಾಪನ ಪುಸ್ತಕ ತೆರೆದೆ. ಗಂಜಿಯ ಕತೆ ಶುರುವಾಗುವ ಪುಟದ ತಲೆಯಲ್ಲಿ ಒಂದು ಸಾಲಿತ್ತು. ಎರಡು ದಿನ ಮೈ ಅಷ್ಟು ಸರಿ ಇರಲಿಲ್ಲ, ಡೇರೆಯಲ್ಲೇ ಇದ್ದು ಲೋಕ ನೋಡಿದೆ, ಎಂದು. ಅಷ್ಟೇ. ಆ ಸಾಲನ್ನು ಹದಿನೈದು ದಿನದ ಹಿಂದೆ ನಾನೇ ದುಂಡಗಿನ ಅಕ್ಷರದಲ್ಲಿ ಪ್ರತಿ ಮಾಡಿದ್ದೆ. ಮಾಡುವಾಗ ಅದರ ಮೇಲೆ ಕೈ ನಿಂತಿರಲಿಲ್ಲ. ಬೇರೆಯವರು ಬಿಟ್ಟದ್ದನ್ನೆಲ್ಲ ಬರೆಯುತ್ತೇನೆಂದು ಹೊರಟವರು ಇದೊಂದನ್ನು ಬಿಟ್ಟಿದ್ದರು. ಬರೆದಿದ್ದರೆ ಆ ಜಾಗದಲ್ಲಿ ಯಾರೂ ನಗುತ್ತಿರಲಿಲ್ಲ.

ಗುರುವಾರ ಬಸ್ಸು ಹೊರಟಿತು. ಗುಂಪಿನ ಮುಖ್ಯಸ್ಥರು ಮೈಕಿನಲ್ಲಿ ಪ್ರಯಾಣದ ದುವಾ ಹೇಳಿಕೊಟ್ಟರು. ದುವಾ ಮುಗಿದದ್ದೇ ಹಿಂದಿನ ಸೀಟಿನಿಂದ ಒಬ್ಬರು, "ಉಸ್ತಾದರೇ, ಊಟ ಎಲ್ಲಿ?" ಎಂದರು. ಅಬುಧಾಬಿ ದಾಟುವ ಮೊದಲೇ ಬಿರಿಯಾನಿಯಲ್ಲಿ ತುಂಡು ಸಣ್ಣದು ಎಂಬ ವಿಷಯ ಬಸ್ಸಿನ ಮುಂದಿನಿಂದ ಹಿಂದಿನವರೆಗೂ ಹೋಗಿ ತಿರುಗಿ ಬಂತು. ಬಾಪನ ಕೈಯಲ್ಲಿ ಇದು ಎರಡು ಪುಟವಾಗುತ್ತಿತ್ತು. ನಾನು ಪ್ಲಾಸ್ಟಿಕ್ ಚಮಚಗಳನ್ನು ಒರೆಸಿ ಚೀಲಕ್ಕೆ ಹಾಕಿಕೊಂಡೆ, ಮುಂದೆ ಬೇಕಾಗುತ್ತದೆ ಎಂದು.

ಸೌದಿ ಗಡಿಯ ದಾರಿಯಲ್ಲೇ ರುವೈಸ್. ನನ್ನ ಮಗನಿಗೆ ಅಲ್ಲಿ ರಿಫೈನರಿಯಲ್ಲಿ ಕೆಲಸ, ಕಂಪೆನಿಯ ಮನೆಯಲ್ಲೇ ವಾಸ. ಮುಸ್ಸಂಜೆಯ ಮಗ್ರಿಬ್ ನಮಾಜಿಗೆ ಬಸ್ಸು ಹೆದ್ದಾರಿಯ ಪೆಟ್ರೋಲ್ ಪಂಪಿನಲ್ಲಿ ನಿಂತಾಗ ಡ್ಯೂಟಿಯ ಬಟ್ಟೆಯಲ್ಲೇ ಬಂದ. ನೀರಿನ ಬಾಟಲಿ, ಕಿತ್ತಳೆ, ಕಾಲುಚೀಲ ತಂದಿದ್ದ. "ಉಮ್ಮಾ, ಫೀಟ್ ಕೋಲ್ಡ್ ಆಗ್ತದೆ ನಿಮಗೆ, ವೇರ್ ಮಾಡಿ" ಎಂದ. ಆಮೇಲೆ, "ಅಜ್ಜನ ಬುಕ್ ಮುಗೀತಾ? ಗಂಜಿ ಪಾರ್ಟ್ ಈಸ್ ದಿ ಬೆಸ್ಟ್. ಡ್ಯಾಡಿ ಹೇಳ್ತಿದ್ರಲ್ಲ, ನನ್ನ ರೂಮ್‌ಮೇಟ್ಸ್‌ಗೆ ಕೂಡ ಹೇಳಿದ್ದೆ" ಎಂದು ನಕ್ಕ. ಕನ್ನಡ ಓದಲು ಬಾರದ ಹುಡುಗ, ಎಣ್ಣೆಯ ಊರಿನಲ್ಲಿ, ಯಾವ್ಯಾವುದೋ ದೇಶದವರಿಗೆ ಅದನ್ನು ಹೇಳಿ ನಗಿಸಿದ್ದ. ಅವನ ಕೈಯಿಂದ ಕಿತ್ತಳೆ ತೆಗೆದುಕೊಂಡೆ. ಬಸ್ಸಿನ ಹಾರನ್ ಆಯಿತು.

ಮಕ್ಕಾದಲ್ಲಿ ಕಾಬಾ ಕಂಡೆ. ಮೊದಲ ನೋಟಕ್ಕೆ ಕೇಳಿದ ದುವಾ ಕಬೂಲಾಗುತ್ತದೆ ಎನ್ನುತ್ತಾರೆ. ಸುತ್ತಲೂ ಜನ ಅಳುತ್ತಿದ್ದರು. ನನ್ನ ಅಂಗಾಲಿಗೆ ಕಲ್ಲು ತಣ್ಣಗಿತ್ತು, ಚಪ್ಪಲಿಯ ಚೀಲದ ದಾರ ಬೆರಳಿಗೆ ಸುತ್ತಿಕೊಂಡಿತ್ತು. ಬಾಪನಿಗಾಗಿ ಕೇಳಿದೆ. ಕೇಳುತ್ತಿರುವಾಗಲೇ, ಇದು ಇಲ್ಲಿ ತೀರುವ ವಿಷಯವಲ್ಲ, ದೇರಾದಲ್ಲಿ ಕಿಟಕಿಯ ಪಕ್ಕ ಕೂತಿದೆ ಎಂದು ಅನಿಸಿತು. ಏಳು ಸುತ್ತು ಮುಗಿಸಿದೆ. ಒಂಬತ್ತರ ಮಗ್ಗಿ ನೆನಪಾಗಲಿಲ್ಲ.

ಮೂರನೆಯ ದಿನ ಬಸ್ಸಿನಲ್ಲಿ ಸುತ್ತಮುತ್ತಲಿನ ಸ್ಥಳಗಳನ್ನು ತೋರಿಸಿದರು. ಹಜ್ಜಿನ ಕಾಲವಲ್ಲದ್ದರಿಂದ ಮಿನಾ ಖಾಲಿ. ಬೆಟ್ಟಗಳ ನಡುವೆ ಒಂದೇ ಅಳತೆಯ ಬಿಳಿ ಡೇರೆಗಳು, ಈಗ ಅವಕ್ಕೆ ಏಸಿ, ನಂಬರು, ಬೀಗ ಹಾಕಿದ ಗೇಟು. ಬಸ್ಸು ನಿಲ್ಲದೆ ನಿಧಾನವಾಗಿ ಹೋಯಿತು. "ಇಷ್ಟೇಯಾ?" ಎಂದರು ಗಂಡ. ನಾನು ಡೇರೆಗಳ ಸಾಲನ್ನು ಎಣಿಸಲು ಹೋಗಿ ಮೂವತ್ತರ ಹತ್ತಿರ ಬಿಟ್ಟೆ. ಆ ಕಾಲದಲ್ಲಿ ಬರೀ ಬಟ್ಟೆ, ಹಗ್ಗ, ಬಿಸಿಲು ಇದ್ದಿರಬೇಕು. ಅರಬಿ ಬಾರದ, ಉರ್ದು ಬಾರದ ಮನುಷ್ಯ. ಪ್ರತಿ ಡೇರೆಯ ಬಾಗಿಲಲ್ಲಿ ಬಗ್ಗಿ, ತನಗೆ ಬರುವ ಒಂದೇ ಮಾತಿನಲ್ಲಿ ಕೇಳುವುದು. ಹಿಂದೆ ತಿರುಗಿದರೆ ತನ್ನ ಡೇರೆ ಯಾವುದೆಂದು ತಿಳಿಯದಂಥ ಬಯಲು. ಗಾಜಿಗೆ ಹಣೆ ತಾಗಿಸಿ ಕೂತಿದ್ದೆ. ಮಿನಾ ಮುಗಿಯಿತು.

ದೇರಾಕ್ಕೆ ಬಂದ ಮರುದಿನ ಬಟ್ಟೆ ಒಗೆದು ಹಾಕಿ, ಪ್ರತಿಯ ಪುಸ್ತಕ ತೆಗೆದೆ. ಗಂಜಿಯ ಪುಟದ ಎದುರಿನ ಪುಟ ಖಾಲಿ ಇತ್ತು. ಅಲ್ಲಿ, ಇದು ಬಾಪ ಬರೆಯದೆ ಬಿಟ್ಟದ್ದು, ಮಗಳು ಬರೆದಿದ್ದಾಳೆ, ಎಂದು ತಲೆಬರಹ ಹಾಕಿ ಐದು ಸಾಲು ಬರೆದೆ. ಗಂಜಿ ಕೇಳಿದವರು ಯಾರಿಗಾಗಿ ಕೇಳಿದರು, ಯಾರು ಕುಡಿದರು ಎಂದು. ಬರೆದು ಅಣ್ಣನಿಗೆ ಫೋನಿನಲ್ಲಿ ಓದಿದೆ.

"ಬಾಪನ ಪುಸ್ತಕದಲ್ಲಿ ಬರೀಲಿಕ್ಕೆ ನೀನು ಯಾರು?" ಎಂದ.

"ಪ್ರತಿ ಮಾಡುವವಳು."

"ಅದು ಹಾಕಿದರೆ ಆ ಜಾಗದಲ್ಲಿ ಯಾರು ನಗ್ತಾರೆ? ಇಡೀ ಪುಸ್ತಕದಲ್ಲಿ ಜನ ಕಾಯುದು ಅದಕ್ಕೆ. ಬಾಪ ಕೆಟ್ಟವರಾಗಿ ಕಾಣ್ತಾರೆ."

"ನಗದಿದ್ದರೆ ಬೇಡ. ಇದು ಇಲ್ಲದೆ ಅಚ್ಚು ಮಾಡುದಾದರೆ ಬೇರೆಯವರ ಹತ್ತಿರ ಪ್ರತಿ ಮಾಡಿಸು."

"ಮೊದಲು ಅವರು ಮಾಫು ಕೊಡ್ತಾರಾ ನೋಡು" ಎಂದ.

ಸಂಜೆ ನಾಲ್ಕಕ್ಕೆ ಮಕ್ಕಾದ ಪವಿತ್ರ ಬಾವಿಯ ಝಂಝಂ ನೀರಿನ ಸಣ್ಣ ಬಾಟಲಿ, ಒಂದು ಪೊಟ್ಟಣ ಖರ್ಜೂರ, ಪುಸ್ತಕ ಹಿಡಿದು ಹೋದೆ. ಹಾಜಿಯವರು ಕಾಬಾದ ದಿಕ್ಕಿಗೆ, ಕಿಬ್ಲಾಕ್ಕೆ, ಮುಖ ಮಾಡಿ ಝಂಝಂ ಕುಡಿದರು. ಪುಸ್ತಕ ಕಂಡು, "ಓದು" ಎಂದರು.

ಬಾಪ ಬರೆದದ್ದನ್ನು ಮೊದಲು ಓದಿದೆ. ಅವರು ಕಣ್ಣು ಮುಚ್ಚಿ ಕೇಳಿದರು. ಕುಚ್ಚಲಕ್ಕಿಯ ಸಾಲು ಬಂದಾಗ ಬಾಯಿಯ ಒಂದು ಬದಿ ಸ್ವಲ್ಪ ಅಲುಗಿತು. ಆಮೇಲೆ ನನ್ನ ಐದು ಸಾಲು ಓದಿದೆ.

"ಗಂಜಿ ಕೊಟ್ಟವರು ಯಾರು ಅಂತ ಹಾಕಲಿಲ್ಲ ನೀನು."

"ನೀವು ಹೇಳಲಿಲ್ಲ ಕಾಕಾ."

"ಜಾವಾದವರು. ಅವರ ಡೇರೆಯಲ್ಲಿ ಒಬ್ಬಳು ಮುದುಕಿ. ಅವಳಿಗೆ ಗಂಜಿ ಅಂದರೆ ತಿಳೀಲಿಲ್ಲ. ನಾನು ಹೊಟ್ಟೆ ಹಿಡಿದು, ಮಲಗಿದವನ ಹಾಗೆ ತಲೆ ವಾಲಿಸಿ, ಕುಡಿಸುದು ಹೀಗೆ ಅಂತ ಮಾಡಿ ತೋರಿಸಿದೆ. ಒಳಗೆ ಹೋಗಿ ಒಂದು ಡಬ್ಬಿಯಲ್ಲಿ ತಂದಳು. ನಮ್ಮದರ ಹಾಗೇ, ಆದರೆ ಸಕ್ಕರೆ ಹಾಕಿದ್ದು. ಓಡಿಕೊಂಡು ಬಂದು ಕುಡಿಸಿದೆ. ನಿನ್ನ ಬಾಪ ಎರಡು ಗುಟುಕು ಕುಡಿದು ಎಂತ ಹೇಳಿದ ಗೊತ್ತುಂಟಾ?"

"ಎಂತ?"

"ಉಪ್ಪು ಇಲ್ವಾ ಅಂತ ಕೇಳಿದ."

ಸೊಸೆ ನಕ್ಕಳು. ಅವರೂ ನಕ್ಕರು, ದನಿಯಿಲ್ಲದೆ, ಹೆಗಲು ಮಾತ್ರ ಅಲುಗಿತು. "ಅದನ್ನು ಬರೀಬೇಕಿತ್ತು ಅವನು. ನಗು ಬರ್ಲಿಕ್ಕೆ ಅದು ಸಾಕಿತ್ತು. ಬರಿ. ಸಕ್ಕರೆ ಅಂತಲೂ ಬರಿ, ಉಪ್ಪು ಅಂತಲೂ ಬರಿ."

ಅಲ್ಲೇ ಮೊಣಕಾಲ ಮೇಲೆ ಪುಸ್ತಕ ಇಟ್ಟು ಬರೆದೆ. ಬರೆದು ಮುಗಿಯುವವರೆಗೂ ಅವರು ನನ್ನ ಪೆನ್ನನ್ನೇ ನೋಡುತ್ತಿದ್ದರು.

"ನಂದು ಮಾಫು" ಎಂದರು. "ಅಲ್ಲಾಹು ಅವನ ಕಬರನ್ನು ವಿಶಾಲ ಮಾಡಲಿ."

ನಾನು ಆಮೀನ್ ಎಂದೆ. ಭಾರ ಇಳಿದ ಹಾಗೆ ಆಗಬಹುದು ಎಂದುಕೊಂಡಿದ್ದೆ. ಹಾಗೇನೂ ಆಗಲಿಲ್ಲ. ಪೆನ್ನಿನ ಮುಚ್ಚಳ ಹಾಕಿ ಏಳಲು ಹೊರಟೆ.

"ಕೂತ್ಕೋ. ಅವಳದ್ದು ಉಂಟು" ಎಂದರು.

"ಯಾರದ್ದು ಕಾಕಾ?"

"ನನ್ನ ಮನೆಯವಳದ್ದು. ಗಂಡಸರು ಅಂಗಡಿಯಲ್ಲಿ, ಮಸೀದಿಯಲ್ಲಿ ಹೇಳಿಸ್ಕೊಂಡರೆ ತಿರುಗಿ ಒಂದು ಹೇಳ್ತೇವೆ, ಮುಗೀತು. ಅವಳು ಎಲ್ಲಿ ಹೇಳುದು? ಮಗಳ ಮದುವೆಯ ದಿನ ತುಪ್ಪದನ್ನ ಬಡಿಸಿ ಒಳಗೆ ಬಂದವಳು ತಾನು ಊಟ ಮಾಡಲಿಲ್ಲ. ಆಮೇಲೆ ಸಾಯುವವರೆಗೆ ನಮ್ಮ ಮನೆಯಲ್ಲಿ ಗಂಜಿ ಬೇಯಿಸಲಿಲ್ಲ. ಜ್ವರ ಬಂದರೂ ಮಾಡಲಿಲ್ಲ, ರವೆ ಮಾಡಿ ಕೊಟ್ಟಳು. ಅವಳದ್ದು ನಾನು ಕೊಡ್ಲಿಕ್ಕೆ ಆಗುದಿಲ್ಲ. ನನಗೆ ಆ ಹಕ್ಕು ಇಲ್ಲ."

ಚಪ್ಪರದಲ್ಲಿ ನನ್ನ ಬಟ್ಟಲಿನ ಮೇಲೆ ಬಂದು ನಿಲ್ಲದೆ ಹೋದ ಆ ಕೈ ನೆನಪಾಯಿತು. ಬಳೆ ಹಸಿರು. ನನಗೆ ಅವರ ಹೆಸರು ಗೊತ್ತಿರಲಿಲ್ಲ. ಕೇಳಿದೆ. ಹೇಳಿದರು. ಹಾಜಿಯವರ ಹೆಸರನ್ನೂ ಕೇಳಿದೆ. "ಈಗ ಕೇಳ್ತೀಯಾ?" ಎಂದು ಅದನ್ನೂ ಹೇಳಿದರು.

ಕೆಳಗೆ ಇಳಿದು ಕಾವಲುಗಾರನ ಬೆಂಚಿನ ಹತ್ತಿರ ನಿಂತು ಫೋನಿನಲ್ಲಿ ಹೆಸರು ಬದಲಿಸಿದೆ. ಅಲ್ಲಿಂದಲೇ ಅಣ್ಣನಿಗೆ ಫೋನು ಮಾಡಿದೆ.

"ಕೊಟ್ರಾ?"

"ಅವರದ್ದು ಕೊಟ್ರು."

"ಅಲ್ಹಮ್ದುಲಿಲ್ಲಾ. ಹಾಗಾದರೆ ಮುಗೀತು."

"ಮುಗೀಲಿಲ್ಲ. ಅವರ ಹೆಂಡತಿಯದ್ದು ಉಂಟು."

"ಅವರು ತೀರಿಹೋಗಿ ಎಷ್ಟು ಕಾಲ ಆಯ್ತು ಮಾರಾಯ್ತಿ."

"ಗೊತ್ತುಂಟು. ನೀನು ಶುಕ್ರವಾರ ಬಾಪನ ಕಬರಿಗೆ ಹೋಗ್ತೀಯಲ್ಲ, ಅವರ ಕಬರಿನ ಹತ್ತಿರವೂ ನಿಂತು ಕೇಳು. ಅಂಗಳದಲ್ಲಿ ಎದ್ದು ನಿಂತು ಕೇಳಿದೆಯಲ್ಲ, ಹಾಗೇ."

"ಅಲ್ಲಿ ಕೇಳಿದರೆ ಮಾಫು ಅಂತ ಯಾರು ಹೇಳ್ತಾರೆ?"

"ಯಾರೂ ಹೇಳುದಿಲ್ಲ. ನೀನು ಕೇಳಿ ಬಾ."

ಆ ಕಡೆ ಯಾರೋ ಗೇಟು ಎಳೆದ ಸದ್ದು ಕೇಳಿಸಿತು. "ಯಾವ ಕಬರು ಅಂತ ನನಗೆ ಗುರುತಿಲ್ಲ" ಎಂದ. "ಅಲ್ಲಿ ಕಲ್ಲಿನ ಮೇಲೆ ಹೆಸರು ಉಂಟು. ಗಂಜಿ ಹಜ್ಜುಮ್ಮ ಅಂತ ಬರೆದಿರುದಿಲ್ಲವಲ್ಲ."

ನಾನು ಅವರ ಹೆಸರು ಹೇಳಿದೆ. ಅವನಿಗೆ ಸರಿಯಾಗಿ ಕೇಳಿಸಲಿಲ್ಲ, ಇನ್ನೊಮ್ಮೆ ಹೇಳು ಎಂದ. ಹೇಳಿದೆ. ಮೂರು ಮನೆ ಆಚೆ ಬಾಳಿದ ಹೆಂಗಸಿನ ಹೆಸರನ್ನು ಅವನೂ ಮೊದಲ ಸಲ ಕೇಳುತ್ತಿದ್ದ.